ಸೊಸೆಯ ಷರತ್ತುಪತ್ರ

ಗದಗಿನಲ್ಲಿ ಈಗ ತಾಳಿಗಿಂತ ಮೊದಲು ಷರತ್ತುಪತ್ರ. ಮನೆಯವರು ಬಯಸಿದ್ದನ್ನೆಲ್ಲ ಬರಹಗಾರನೊಬ್ಬ ಯಂತ್ರದ ಭಾಷೆಗೆ ಇಳಿಸುತ್ತಾನೆ. ಒಂದು ಷರತ್ತು ಇನ್ನೊಂದಕ್ಕೆ ಅಡ್ಡ ಬರುವುದಿಲ್ಲವೆಂದು ಸಾಬೀತಾದರೆ ಮಾತ್ರ ಯಂತ್ರ ಮುದ್ರೆ ಒತ್ತುತ್ತದೆ, ಮುದ್ರೆಯಿಲ್ಲದೆ ಮದುವೆಯಿಲ್ಲ.

ಕಾಶವ್ವನ ಮಗನ ಮದುವೆಗೆ ಮೂರೇ ದಿನ ಉಳಿದಿತ್ತು. ಭಾವೀ ಸೊಸೆ ದಾಕ್ಷಾಯಣಿಯನ್ನು ಪಕ್ಕದಲ್ಲಿ ಕೂರಿಸಿಕೊಂಡು ಆಕೆ ಎರಡೇ ಷರತ್ತು ಹೇಳಿದಳು: ಸೊಸೆ ಎಂದೂ ಸುಳ್ಳಾಡಬಾರದು, ಅತ್ತೆಯ ಅಡುಗೆಯನ್ನು ದಿನಾ ಹೊಗಳಬೇಕು.

ಯಂತ್ರ ಕೆಂಪು ದೀಪ ಹೊತ್ತಿಸಿತು.

"ಒಂದಿನ ಸಾರು ಕೆಟ್ಟರ ಸೊಸಿ ಏನ್ ಮಾಡಬೇಕು ಅಂತ ಕೇಳಾಕತ್ತೈತ್ರಿ," ಎಂದ ಬರಹಗಾರ ಬಂಡೆಪ್ಪ. "ಇಂಥಾ ಸೊಸಿ ಇರಾಕ ಸಾಧ್ಯನ ಇಲ್ಲಂತ."

"ಯಾಕಿಲ್ಲ? ನಮ್ಮತ್ತಿ ಕೂಡ ನಾ ಇಪ್ಪತ್ತೆಂಟು ವರ್ಷ ಹಂಗ ಬಾಳೇವು ಮಾಡೀನಿ."

"ಒಂದೂ ಸುಳ್ಳು ಹೇಳದನ?"

ಕಾಶವ್ವ ಸೆರಗಿನಿಂದ ಮುಖ ಒರೆಸಿಕೊಂಡಳು. ಅತ್ತೆ ಮಾಡಿದ ಹೋಳಿಗೆ ಪ್ರತಿ ಹಬ್ಬಕ್ಕೂ ಚಪ್ಪಲಿಯಂತಿರುತ್ತಿತ್ತು. ಬೆಣ್ಣೆಯಂತಿದೆ ಎಂದು ಹೊಗಳಿ, ಆ ತಪ್ಪಿಗೆ ಇನ್ನೂ ಎರಡು ಬಡಿಸಿಕೊಂಡು ತಿಂದವಳು ಆಕೆ.

"ಹೊಗಳೂದು ತಗದುಬಿಡ್ರಿ," ಎಂದಳು ಕೊನೆಗೆ. "ಮನ್ಯಾಗ ಒಬ್ಬರರ ಖರೇ ಮಾತಾಡಲಿ."

ಯಂತ್ರ ಮುದ್ರೆ ಒತ್ತಿತು. ಇನ್ನು ಅದನ್ನು ಅಳಿಸಲು ಯಾರಿಂದಲೂ ಆಗದು. ದಾಕ್ಷಾಯಣಿ ಗಂಟಲು ಸರಿಮಾಡಿಕೊಂಡಳು.

"ಹಂಗಾದರ ಈಗ ಹೇಳೇಬಿಡಬೇಕಾತ್ರಿ ಅತ್ತಿ. ಹೆಣ್ಣು ನೋಡಾಕ ಬಂದಾಗ ನೀವು ಮೂರು ಸಲ ಹಾಕಿಸಿಕೊಂಡ ಶಿರಾ ಹೋಟೆಲಿಂದು. ನನಗ ಒಲಿ ಹಚ್ಚಾಕೂ ಬರೂದಿಲ್ಲ."

ಕಾಶವ್ವ ಅವಳ ಹತ್ತಿರಕ್ಕೆ ಸರಿದು ಕೂತಳು.

"ಯಾವ ಹೋಟೆಲು?" ಎಂದು ಕೇಳಿದಳು.