ಸಿಲ್ವರ್ ಕಾರ್ಡು

"ನಿಮ್ಮ ಸಿಮ್ಮಿನ ನಕಲು ಮಾಡಿದಾರೆ ಮಿಸ್ಟರ್ ಭೈರೇಶ್. ಆ ನಕಲಿಂದ ದೊಡ್ಡ ಕ್ರೈಮ್ ಒಂದು ನಡೆದಿದೆ. ಕ್ಯಾಮೆರಾ ಆನ್ ಮಾಡಿ. ರೂಮಿನ ಬಾಗಿಲು ಹಾಕ್ಕೊಳ್ಳಿ."

ಭೈರೇಶ್ ಎದ್ದು ಬಾಗಿಲು ಹಾಕಿಕೊಂಡ. ಫೋನಿನ ಪರದೆಯ ಮೇಲೆ ಖಾಕಿ ಅಂಗಿ ತೊಟ್ಟ ಇನ್ಸ್‌ಪೆಕ್ಟರ್ ಕೂತಿದ್ದ. ಇಂಥ ಕರೆಗಳ ಬಗ್ಗೆ ಭೈರೇಶನಿಗೆ ಗೊತ್ತಿರಲಿಲ್ಲ ಎಂದಲ್ಲ. ಶ್ರೀಗಂಧದ ಕಾವಲಿನ ತನ್ನ ಬಡಾವಣೆಯ ವಾಟ್ಸಾಪ್ ಗುಂಪಿನಲ್ಲಿ, 'ಪೊಲೀಸರು ವಿಡಿಯೊ ಕಾಲಿನಲ್ಲಿ ಯಾರನ್ನೂ ಅರೆಸ್ಟ್ ಮಾಡುವುದಿಲ್ಲ, ಕೂಡಲೇ ಕಟ್ ಮಾಡಿ' ಎಂದು ದಪ್ಪಕ್ಷರದಲ್ಲಿ ಹಾಕಿದ್ದವನೇ ಅವನು. ಪಾರ್ಸಲ್ಲು, ಡ್ರಗ್ಸು ಎಂದಿದ್ದರೆ ನಕ್ಕು ಫೋನಿಡುತ್ತಿದ್ದ. ಆದರೆ ಸಿಮ್ಮಿನ ನಕಲು ಎಂದ ಕೂಡಲೇ ಫೋನಿಡಲು ಅವನಿಗೆ ಧೈರ್ಯ ಬರಲಿಲ್ಲ. ಯಾಕೆಂದರೆ ಆ ನಕಲು ಮಾಡಿದವನು ಅವನೇ.

ಇಪ್ಪತ್ತು ವರ್ಷಕ್ಕೂ ಹಿಂದಿನ ಮಾತು. ಡಿಪ್ಲೊಮಾ ಮುಗಿಸಿ ಲಿಫ್ಟ್ ಕಂಪನಿ ಸೇರಿ, ದೀಪಾಂಜಲಿ ನಗರದ ರೂಮೊಂದರಲ್ಲಿದ್ದ. ಒಂದು ಫೋನಿಗೆ ಒಂದೇ ಸಿಮ್ಮು ಹಿಡಿಯುತ್ತಿದ್ದ ಕಾಲ. ಯುರೋಪಿನಲ್ಲೆಲ್ಲೋ ಕೂತ ಹವ್ಯಾಸಿಗಳು ಎಮ್ಯುಲೇಟರ್ ಅಂತ ಒಂದು ಸಾಫ್ಟ್‌ವೇರ್ ಬರೆದು ಇಂಟರ್ನೆಟ್ಟಿಗೆ ಪುಕ್ಕಟೆ ಹಾಕಿದ್ದರು. ಸಿಲ್ವರ್ ಕಾರ್ಡು ಅಂತ ಖಾಲಿ ಚಿಪ್ಪಿನ ಕಾರ್ಡೊಂದು ಸಿಗುತ್ತಿತ್ತು. ಅದಕ್ಕೆ ಈ ಸಾಫ್ಟ್‌ವೇರ್ ತುಂಬಿದರೆ ಅದು ಸಿಮ್ಮಿನ ಹಾಗೇ ನಟಿಸುತ್ತಿತ್ತು, ಒಂದಲ್ಲ, ಹಲವು ಸಿಮ್ಮುಗಳ ಹಾಗೆ. ಎಲೆಕ್ಟ್ರಾನಿಕ್ಸ್ ಅಂಗಡಿಗಳ ಎಸ್.ಪಿ. ರೋಡೆಲ್ಲ ಅಲೆದು ಕಾರ್ಡು ತಂದ. ಕಾರ್ಡ್ ರೀಡರಿಗೆ ತನ್ನ ಸಿಮ್ಮು ಸಿಕ್ಕಿಸಿ, ಅದರ ಹೊಟ್ಟೆಯೊಳಗಿನ 'ಕೀ' ಎಂಬ ಗುಟ್ಟಿನ ನಂಬರನ್ನು ಕಂಪ್ಯೂಟರ್ ಹೆಕ್ಕಿ ತೆಗೆಯುವ ತನಕ ಊಟ ಬಿಟ್ಟು ಕಾದ. ಎರಡು ಸಿಮ್ಮು ಸುಟ್ಟೂ ಹೋದವು. ಕೊನೆಗೊಂದು ಭಾನುವಾರ, ಬೇರೆ ಬೇರೆ ಕಂಪನಿಯ ಎರಡು ನಂಬರು ಒಂದೇ ಕಾರ್ಡಿನಲ್ಲಿ ಕೂತವು. ಮೆನು ಒತ್ತಿದರೆ ಇದು, ಮತ್ತೆ ಒತ್ತಿದರೆ ಅದು! ಅದೇ ಖುಷಿಯಲ್ಲಿ ರೂಮಿನಲ್ಲಿದ್ದ ಆನಂದನಿಗೂ, ತನ್ನ ನಂಬರನ್ನೂ ಸೇರಿಸಿ, ಒಂದು ಮಾಡಿಕೊಟ್ಟಿದ್ದ. ಆಮೇಲೆ ಕಂಪನಿಗಳು ಸಿಮ್ಮಿನ ಬೀಗ ಬದಲಾಯಿಸಿದವು, ಎರಡು ಸಿಮ್ಮಿನ ಫೋನು ಬಂತು, ಆಟ ಮುಗಿಯಿತು. ಆನಂದ್ ಕೆಲಸ ಬಿಟ್ಟು ಎಲ್ಲಿಗೋ ಹೋದ. ಆ ಕಾರ್ಡೂ ಅವನ ಜೊತೆಗೇ ಹೋಯಿತು.

"ನಿಮ್ಮ ಆಧಾರ್ ಕೊಟ್ಟು ತಗೊಂಡಿರೋ ಸಿಮ್ಮು ಅದು," ಎಂದ ಇನ್ಸ್‌ಪೆಕ್ಟರ್. ಆ ಕಾಲಕ್ಕೆ ಆಧಾರ್ ಎಲ್ಲಿತ್ತು ಎಂದು ಕೇಳಲು ಭೈರೇಶನಿಗೆ ಹೊಳೆಯಲೇ ಇಲ್ಲ. ಆನಂದ್ ಏನು ಮಾಡಿಕೊಂಡನೋ, ಯಾರ ಕೈಗೆ ಕೊಟ್ಟನೋ ಎಂಬುದೊಂದೇ ತಲೆಯಲ್ಲಿ ಸುತ್ತುತ್ತಿತ್ತು.

ಹೊರಗಿನಿಂದ ಲತಾ ಬಾಗಿಲು ತಟ್ಟಿದಳು. "ರೀ, ಯಾಕ್ರೀ ಚಿಲಕ ಹಾಕ್ಕೊಂಡಿದೀರಾ? ದೋಸೆ ಆರ್ತಾ ಇದೆ."

"ಯಾರದು? ಒಂದು ಮಾತು ಹೇಳಿದ್ರೂ ಅವರ ಹೆಸರೂ ಎಫ್‌ಐಆರ್‌ಗೆ ಸೇರುತ್ತೆ," ಇನ್ಸ್‌ಪೆಕ್ಟರ್ ಗದರಿದ.

"ಆಫೀಸ್ ಮೀಟಿಂಗ್ ಕಣೇ. ನೀನು ತಿನ್ನು," ಎಂದು ಕೂಗಿದ ಭೈರೇಶ್. ಬಾಗಿಲಾಚೆ ಅವಳು ಒಂದು ಗಳಿಗೆ ನಿಂತೇ ಇದ್ದದ್ದು ಅವನಿಗೆ ಗೊತ್ತಾಯಿತು. ಮನೆ ಮುಂದೆ ಜೀಪು ನಿಂತ ಹಾಗೆ, ಮಗಳು ಚೈತ್ರ ಕಾಲೇಜಿಂದ ಬಂದವಳು ಅದನ್ನು ನೋಡಿದ ಹಾಗೆ, ಎದುರು ಮನೆಯವರು ಗೇಟಿಗೆ ಬಂದ ಹಾಗೆ ಎಲ್ಲ ಕಣ್ಣಿಗೆ ಕಟ್ಟಿತು. ಇನ್ನು ತಡೆಯಲಾಗಲಿಲ್ಲ.

"ಸಾರ್, ನಕಲು ಮಾಡಿದ್ದು ನಾನೇ."

ಇನ್ಸ್‌ಪೆಕ್ಟರ್ ಮುಂದಿನ ಗದರಿಕೆಗೆ ತೆರೆದಿದ್ದ ಬಾಯನ್ನು ಹಾಗೇ ಬಿಟ್ಟ. "ಏನಂದ್ರಿ?"

"ಸಿಲ್ವರ್ ಕಾರ್ಡಲ್ಲಿ ಮಾಡಿದ್ದು ಸಾರ್. ಕೀ ತೆಗೆದು, ಎಮ್ಯುಲೇಟರ್ ಹಾಕಿ... ಯಾರಿಗೂ ಮೋಸ ಮಾಡೋಕಲ್ಲ, ನನ್ನ ನಂಬರೇ, ಸುಮ್ನೆ ಆಗುತ್ತಾ ನೋಡೋಣ ಅಂತ. ಆನಂದನಿಗೊಂದು ಕೊಟ್ಟಿದ್ದೆ, ಅಷ್ಟೇ. ಅವನೆಲ್ಲಿದಾನೋ ದೇವರಾಣೆಗೂ ಗೊತ್ತಿಲ್ಲ." ಕಟ್ಟೆ ಒಡೆದಂತೆ ಎಲ್ಲ ಹೇಳಿಬಿಟ್ಟ, ರೀಡರ್, ಸುಟ್ಟ ಸಿಮ್ಮು, ಆ ಭಾನುವಾರ.

ಇನ್ಸ್‌ಪೆಕ್ಟರ್ ತನ್ನ ಮುಂದಿದ್ದ ಹಾಳೆಯನ್ನೊಮ್ಮೆ ನೋಡಿದ. ಇಂಥ ಉತ್ತರಕ್ಕೆ ಏನು ಹೇಳಬೇಕೆಂದು ಅಲ್ಲಿ ಬರೆದಿದ್ದಂತಿರಲಿಲ್ಲ. ಟೋಪಿ ತೆಗೆದು ಮೇಜಿನ ಮೇಲಿಟ್ಟ. ಟೋಪಿಯಿಲ್ಲದ ಮುಖಕ್ಕೆ ಮೀಸೆ ಕೂಡ ಸರಿಯಾಗಿ ಚಿಗುರಿರಲಿಲ್ಲ. ಪಕ್ಕಕ್ಕೆ ಯಾರಾದರೂ ಇದ್ದಾರೆಯೇ ಎಂದು ಕತ್ತು ತಿರುಗಿಸಿ ನೋಡಿ, ಫೋನಿಗೆ ಹತ್ತಿರ ಬಂದು ದನಿ ತಗ್ಗಿಸಿ ಕೇಳಿದ:

"ಸಾರ್... ಒಂದೇ ಕಾರ್ಡಲ್ಲಿ ಹೆಂಗೆ ಸಾರ್ ಅಷ್ಟು ನಂಬರ್? ಈಗ್ಲೂ ಆಗುತ್ತಾ ಅದು?"

ಭೈರೇಶನ ಎದೆಯಿಂದ ದೊಡ್ಡ ಬಂಡೆಯೊಂದು ಉರುಳಿ ಹೋಯಿತು. ಕಳ್ಳ, ಪಕ್ಕಾ ಕಳ್ಳ. ಪೊಲೀಸಿನವನಾಗಿದ್ದರೆ ಆನಂದನ ವಿಳಾಸ ಕೇಳುತ್ತಿದ್ದ. ಬೆವರಿದ ಬೆರಳು ಕೆಂಪು ಗುಂಡಿಯ ಮೇಲೆ ಹೋಯಿತು, ಆದರೆ ಒತ್ತಲಿಲ್ಲ. ಇಷ್ಟು ವರ್ಷದಲ್ಲಿ ಲತಾ ಆಗಲಿ, ಚೈತ್ರ ಆಗಲಿ, ಆಫೀಸಿನ ಹುಡುಗರಾಗಲಿ ಆ ಕಾರ್ಡನ್ನು ಹೇಗೆ ಮಾಡಿದೆ ಎಂದು ಅವನನ್ನು ಒಮ್ಮೆಯೂ ಕೇಳಿರಲಿಲ್ಲ. ಪರದೆಯ ಮೇಲಿನ ಕಣ್ಣುಗಳು ರೆಪ್ಪೆ ಬಡಿಯದೆ ಕಾಯುತ್ತಿದ್ದವು.

ಭೈರೇಶ್ ಕುರ್ಚಿಯನ್ನು ಮುಂದಕ್ಕೆ ಎಳೆದುಕೊಂಡ.

"ಈಗ ಆಗಲ್ಲ ಕಣೋ," ಎಂದ. "ಯಾಕೆ ಆಗಲ್ಲ ಅಂತ ಹೇಳ್ತೀನಿ, ಕೇಳು."