ಹಳೇ ತಾರೀಖಿನ ಫೋನು

ಗದಗಿನ ನೀಲವ್ವನಿಗೆ ಅಂದು ಬೆಳಗಿನಿಂದ ಎರಡೇ ಹಟ... ತಂಗಿಯ ಮೊಮ್ಮಗುವಿನ ಮುಖ ನೋಡಬೇಕು, ತಂಗಿಯ ಮನೆ ಮೆಟ್ಟಿಲು ಮಾತ್ರ ತುಳಿಯಬಾರದು!

ಕಾರಣ? ಕೆಲ ವರ್ಷಗಳ ಹಿಂದೆ ತಂಗಿ ಗೌರವ್ವ ತನ್ನ ಮಗಳ ಮದುವೆಗೆ ಅಕ್ಕನ ಮನೆಗೆ ಬಂದು, ಕುಂಕುಮ ಹಚ್ಚಿ ಕರೆದಿರಲಿಲ್ಲ. ಫೋನಿನಲ್ಲೇ "ಬಂದುಬಿಡಕ್ಕಾ" ಎಂದಿದ್ದಳು.

ಒಡಹುಟ್ಟಿದ ಅಕ್ಕನನ್ನು ಕರೆಯುವ ರೀತಿಯೇ ಇದು? ನೀಲವ್ವ ಮದುವೆಗೆ ಹೋಗಲಿಲ್ಲ. ಆಗಷ್ಟೇ ಅಗ್ಗಕ್ಕೆ ಕೊಂಡಿದ್ದ ಸ್ಮಾರ್ಟ್‌ಫೋನನ್ನೂ ಸಿಟ್ಟಿನಲ್ಲಿ ಸ್ವಿಚ್ ಆಫ್ ಮಾಡಿ ಟ್ರಂಕಿಗೆ ಹಾಕಿಬಿಟ್ಟಳು.

ಈಗ ಆ ಮಗಳಿಗೇ ಹೆಣ್ಣುಮಗು. ಇಂದು ಹುಬ್ಬಳ್ಳಿಯ ಗೌರವ್ವನ ಮನೆಯಲ್ಲಿ ತೊಟ್ಟಿಲ ಕಾರ್ಯ. "ದೊಡ್ಡವ್ವಾ, ವಿಡಿಯೊ ಕಾಲ್‌ನ್ಯಾಗರ ನೋಡು" ಎಂದು ಹೇಳಿ ಕಳಿಸಿದ್ದಳು.

ನೀಲವ್ವ ಟ್ರಂಕಿನ ಫೋನ್ ಹಿಡಿದು ಓಣಿಯ ಮೊಬೈಲ್ ಅಂಗಡಿಗೆ ಓಡಿದಳು. ಅಂಗಡಿಯ ರೆಹಾನಾ ಚಾರ್ಜಿಗೆ ಹಾಕಿ ನೋಡಿ ನಕ್ಕಳು.

"ಎಲ್ಲಿ ತಗೊಂಡ್ರಿ ಅವ್ವಾ ಇದನ್ನ? ಆ್ಯಪ್ ಸ್ಟೋರೇ ಇಲ್ಲ ಇದ್ರಾಗ! ತಡೀರಿ, ನಾನ ಕೈಯಾರೆ ಹಾಕಿ ಕೊಡ್ತೀನಿ."

ಕಂಪ್ಯೂಟರಿನಿಂದ ಒಂದೊಂದೇ ಫೈಲ್ ಇಳಿಸಿದಳು. ಸ್ಟೋರ್ ಏನೋ ಬಂದು ಕೂತಿತು... ಆದರೆ ತೆರೆಯಲೊಲ್ಲದು. ತೆಗೆದು ಮತ್ತೆ ಹಾಕಿದಳು. ಊಹೂಂ!

ಕೊನೆಗೆ ರೆಹಾನಾ ಹಣೆ ಚಚ್ಚಿಕೊಂಡಳು. "ತಾರೀಖು ನೋಡ್ರಿ ಅವ್ವಾ! ಫೋನ್ ಇನ್ನೂ ಹಳೇ ವರ್ಷದಾಗ ಕುಂತೈತಿ. ಇವತ್ತಿಗೆ ಬರೋತನಕ ಸ್ಟೋರ್ ತೆರಿಯಂಗಿಲ್ಲ."

ನೀಲವ್ವ ಪರದೆಯನ್ನೇ ನೋಡಿದಳು... ಗೌರವ್ವನ ಮಗಳ ಮದುವೆಯ ವರ್ಷ!

ಅವಳಿಗೆ ನಗು ಬಂತು. ಅದರ ಹಿಂದೆಯೇ ಕಣ್ಣು ತುಂಬಿ ಬಂತು.

"ಫೋನ್ ಅಷ್ಟ ಅಲ್ಲ ರೆಹಾನಾ... ನಾನೂ ಅಲ್ಲೇ ಕುಂತೀನಿ."

ರೆಹಾನಾ ತಾರೀಖು ಬದಲಿಸಿದಳು. ಸ್ಟೋರ್ ತಟ್ಟನೆ ತೆರೆಯಿತು!

"ವಿಡಿಯೊ ಕಾಲ್ ಆ್ಯಪ್ ಹಾಕ್ಲೇನ್ರಿ?"

"ಅದನ್ನ ಆಮ್ಯಾಲೆ ಹಾಕುವಂತಿ. ಹುಬ್ಬಳ್ಳಿ ಬಸ್ ಎಷ್ಟೊತ್ತಿಗೈತಿ, ಮೊದ್ಲು ಅದನ್ನ ನೋಡು!"

ಮಧ್ಯಾಹ್ನ, ಬಾಗಿಲಲ್ಲಿ ಅಕ್ಕನನ್ನು ಕಂಡು ಗೌರವ್ವ ಗಕ್ಕನೆ ನಿಂತುಬಿಟ್ಟಳು. ಕಣ್ಣೀರು ಸುರಿಯುತ್ತಿದ್ದರೂ ಕೀಟಲೆ ಬಿಡಲಿಲ್ಲ.

"ಈ ಸಲಾನೂ ಕುಂಕುಮ ಹಚ್ಚಿ ಕರೆದಿಲ್ಲಲ್ಲಕ್ಕಾ... ಹೆಂಗ ಬಂದಿ?"

"ಈಗ ಹಚ್ಚು, ಯಾರು ಬ್ಯಾಡಂದ್ರು?" ನೀಲವ್ವ ಹಣೆ ಮುಂದೆ ಮಾಡಿದಳು. "ಲಗೂ ಹಚ್ಚು... ಕೂಸು ಎಲ್ಲೈತಿ?"

ಹಳೇ ತಾರೀಖಿನಲ್ಲೇ ಕೂತ ಮನಸ್ಸಿನಲ್ಲಿ ಹೊಸದೇನೂ ತೆರೆದುಕೊಳ್ಳುವುದಿಲ್ಲ.

ನಿಮ್ಮ ಮನಸ್ಸು ಇಂದು ಯಾವ ತಾರೀಖು ತೋರಿಸುತ್ತಿದೆ... ಒಮ್ಮೆ ನೋಡಿಕೊಳ್ಳುತ್ತೀರಾ?