ಮಾತಿನ ಕೆಳಗಿನ ಟೊಳ್ಳು

“ನಿಂಗೆ ಪೈತ್ಯ ಹಿಡಿದೈತೆ ಕಣ್ಲಾ ಕೋದಂಡ. ಬೆಳ್ದಿರೋ ಮಗಳನ್ನ ಮನೇಲಿ ಕೂಡಾಕ್ಕೊಂಡು ಗೋಡೆ ತಟ್ತಾ ಕೂತಿದ್ದೀಯ. ಏಳ್ಲಾ, ದಾರಿ ಬಿಡು.”

“ಏಳಲ್ಲ. ಏನ್ ಕಿತ್ಕೊಂತೀಯೋ ಕಿತ್ಕೊ.”

ಕೋದಂಡಪ್ಪ ಹೊಸ್ತಿಲಿಗೆ ಅಡ್ಡಲಾಗಿ ಕಾಲು ಚಾಚಿ ಕೂತಿದ್ದ. ಹೊರಗೆ ಮೊಪೆಡ್ ಹಿಡಿದುಕೊಂಡು ಅವನ ಹಳೆಯ ಗೆಳೆಯ ಸೆಲ್ವರಾಜ್. ಒಳಗೆ ಹೆಗಲಿಗೆ ಬ್ಯಾಗು ಹಾಕಿಕೊಂಡ ಮಗಳು ಸುಮಲತ. ಗಣಿ ಕಾರ್ಮಿಕರಿಗೆಂದು ಸಾಲಾಗಿ ಕಟ್ಟಿದ ಮೈಸೂರು ಮೈನ್ಸ್‌ನ ಆ ಲೈನ್ ಮನೆಗೆ ಇದ್ದದ್ದೇ ಒಂದು ಬಾಗಿಲು. ಮಾರಿಕುಪ್ಪಂನಿಂದ ರೈಲು ಹೊರಡಲು ಇನ್ನು ಇಪ್ಪತ್ತು ನಿಮಿಷ. ಜ್ವರ ಬಂದು ಈ ತಿಂಗಳು ಅವಳ ಕೆಲಸದ ಎರಡು ದಿನ ಆಗಲೇ ಹೋಗಿತ್ತು. ಇನ್ನೊಂದು ದಿನ ತಪ್ಪಿಸಿದರೆ ಮತ್ತೆ ಬರುವುದೇ ಬೇಡ ಎಂದು ಬೆಂಗಳೂರಿನ ಲ್ಯಾಬಿನವರು ಹೇಳಿಯಾಗಿತ್ತು. ಅಪ್ಪ ಬಾಗಿಲಲ್ಲಿ ಕೂತದ್ದೇ ಸುಮಲತ ಸೆಲ್ವರಾಜನಿಗೆ ಫೋನ್ ಮಾಡಿ ಕರೆಸಿದ್ದಳು.

ಗೆಳೆಯರಿಬ್ಬರೂ ಚಾಂಪಿಯನ್ ರೀಫ್ಸ್ ಚಿನ್ನದ ಗಣಿಯಲ್ಲಿ ಒಂದೇ ಪಾಳಿಯಲ್ಲಿ ದುಡಿದವರು. ಸುರಂಗದ ನೆತ್ತಿಗೆ ಮರದ ಆಸರೆ ಕೊಡುವುದು ಕೋದಂಡಪ್ಪನ ಕೆಲಸವಾಗಿತ್ತು. ಕಂಬ ನಿಲ್ಲಿಸುವ ಮುಂಚೆ ಸಲಾಕೆಯಿಂದ ಬಂಡೆ ತಟ್ಟಿ ಕಿವಿಗೊಡಬೇಕು. ಗಟ್ಟಿ ಬಂಡೆ ಗಣ್ ಅನ್ನುತ್ತದೆ, ಒಳಗೆ ಸಡಿಲಾಗಿ ಟೊಳ್ಳಾದ ಬಂಡೆ ದೊಬ್ ಅನ್ನುತ್ತದೆ. ಗಣಿ ಮುಚ್ಚಿತು, ಕೆಲಸವಿಲ್ಲದ ಆ ಕಿವಿ ಮನುಷ್ಯರ ಮಾತಿನ ಮೇಲೆ ಬಿತ್ತು. ಕಾಲದ ಕೆಳಗೂ ಸುರಂಗಗಳಿವೆ, ಕಾಲ ಕುಸಿಯದಂತೆ ಕಥೆಗಳು ಕಂಬ ಕೊಟ್ಟು ನಿಂತಿವೆ, ಲೋಕದ ಕಥೆಗಳಿಗೆಲ್ಲ ಬುಡ ಒಂದೇ ಮಾತು, ‘ಹೋಗಿ ಬರ್ತೀನಿ’. ಯಾರಾದರೂ ಆ ಮಾತು ಆಡುವಾಗ ಗೋಡೆ ತಟ್ಟಿದರೆ, ಮಾತಿನ ಕೆಳಗೆ ನೆಲ ಇದೆಯೋ ಟೊಳ್ಳೋ ತಿಳಿಯುತ್ತದೆ. ಟೊಳ್ಳಾದರೆ ಹೋದವರು ವಾಪಸ್ ಬರುವುದಿಲ್ಲ. ಇದು ಅವನ ವಾದ. ಲೈನಿನಲ್ಲಿ ಇದನ್ನು ನಂಬುತ್ತೇನೆ ಅಂದವರು ಒಬ್ಬರೂ ಇಲ್ಲ. ಆದರೆ ದೂರದ ಊರಿಗೆ ಹೊರಡುವವರು ಅವನ ಮನೆಯ ಮುಂದೆ ಹಾಯುತ್ತಿರಲಿಲ್ಲ, ಹಿಂದಿನ ಬೀದಿಯಿಂದ ಸುತ್ತಿಕೊಂಡು ಹೋಗುತ್ತಿದ್ದರು.

“ಓದ್ ವರ್ಷ ಆದಿನಾರಾಯಣ ತಿರುಪತಿಯಿಂದ ವಾಪಸ್ ಬರಲ್ಲ ಅಂದೆ,” ಸೆಲ್ವರಾಜ್ ಬಿಡಲಿಲ್ಲ. “ಬಂದ್ನಾ ಇಲ್ವಾ? ಅವ್ನು ತಂದ ಲಡ್ಡು ನೀನೇ ಮುಕ್ಕಿದೆ.”

“ಬಂದ. ವ್ಯಾನಲ್ಲಿ ಸೀಟು ಬದಲಾಯಿಸ್ಕೊಂಡು ಅವ್ನ ಜಾಗದಲ್ಲಿ ಕೂತಿದ್ನಲ್ಲ ಅವ್ನ ಬಾಮೈದ, ಅವ್ನು ಬಂದ್ನಾ?”

ಸೆಲ್ವರಾಜ್ ಮೊಪೆಡ್‌ಗೆ ಸ್ಟ್ಯಾಂಡ್ ಹಾಕಿ ಹತ್ತಿರ ಬಂದ.

“ಒಂದು ದಿನದ ಕಥೇಲಿ ಟೊಳ್ಳು ಒಂದೇ ಇರ್ತದೆ ಕಣ್ಲಾ,” ಕೋದಂಡಪ್ಪನ ದನಿ ಇಳಿದಿತ್ತು. “ಕಥೆ ಬದಲಾಯಿಸಿದ್ರೆ ಅದು ಜಾಗ ಬದಲಾಯಿಸ್ತದೆ. ಮುಚ್ಕೊಂಡು ಮಾತ್ರ ಓಗಲ್ಲ. ಬೆಳಿಗ್ಗೆ ಇವಳ ಮಾತಲ್ಲಿ ಕೇಳಿಸ್ತು ನಂಗೆ.”

“ಜಾಗ ಬದಲಾಯಿಸೋಕೆ ಅದೇನು ಬಸ್ ಅತ್ತುತ್ತಾ? ಸರಿ, ಬದಲಾಯಿಸಾಣ ಕಥೆ. ದಿನಾ ಒಬ್ಳೇ ನಡ್ಕೊಂಡು ಓಗ್ತಾಳೆ, ಇವತ್ತು ನನ್ ಗಾಡೀಲಿ ಓಗ್ಲಿ. ಮಗಾ, ಈಗ ಆ ಮಾತನ್ನ ಇವ್ನ ಎದುರಿಗೇ ಅನ್ನು.”

ಸುಮಲತಳಿಗೆ ಇಬ್ಬರ ಮೇಲೂ ರೇಗಿತ್ತು. ಗಡಿಯಾರ ನೋಡಿ, ಹಲ್ಲು ಕಚ್ಚಿಕೊಂಡು ಅಪ್ಪನಿಗೆ ಅಂದಳು: “ಓಗಿ ಬತ್ತೀನಿ ನೈನಾ.”

ಕೋದಂಡಪ್ಪ ಬೆರಳಿನ ಗೆಣ್ಣಿನಿಂದ ಗೋಡೆ ತಟ್ಟಿ ಕಣ್ಣು ಮುಚ್ಚಿದ. ಬೆಳಗಿನಿಂದ ಬಿಗಿದುಕೊಂಡಿದ್ದ ಅಪ್ಪನ ಹೆಗಲು ಸಡಿಲಾದದ್ದನ್ನು ಅವಳು ಹಿಂದಿನಿಂದ ನೋಡಿದಳು.

“ಗಟ್ಟಿ,” ಅಂದ.

“ನೋಡ್ದಾ,” ಅಂದ ಸೆಲ್ವರಾಜ್. “ನಂದೂ ಒಂದು ನೋಡ್ಬಿಡು, ಆಮೇಲೆ ಬಾಯಿ ಬಿಡಬಾರ್ದು. ಮಗೂನ ರೈಲು ಅತ್ತಿಸಿ ಬತ್ತೀನಿ. ಬಂದು ನಿನ್ ತಲೆ ಮೇಲೆ ನಾಕು ಬಿಡ್ತೀನಿ.”

ಕೋದಂಡಪ್ಪ ತಟ್ಟಿದ. ಇನ್ನೊಂದು ಸಲ ತಟ್ಟಿದ. ಮೂರನೆಯ ಸಲಕ್ಕೆ ಎತ್ತಿದ ಕೈ ಗೋಡೆ ಮುಟ್ಟಲಿಲ್ಲ. ಹಿಂದಕ್ಕೆ ತಿರುಗಿ ಮಗಳನ್ನು ಕಾಲಿನಿಂದ ತಲೆಯವರೆಗೆ ನೋಡಿದ, ಹಸುಗೂಸನ್ನು ಮೊದಲ ಸಲ ನೋಡುವವನ ಹಾಗೆ.

“ಏನಂತಪ್ಪಾ ನಿನ್ ಗೋಡೆ?” ಸೆಲ್ವರಾಜ್ ನಗುತ್ತಿದ್ದ.

“ಗಟ್ಟಿ,” ಅಂದು ಕೋದಂಡಪ್ಪ ಹೊಸ್ತಿಲಿಂದ ಕಾಲು ಎಳೆದುಕೊಂಡ.

ರೈಲು ಸಿಕ್ಕಿತು. ಸೆಲ್ವರಾಜ್ ಕಿಟಕಿಯ ಹತ್ತಿರ ನಿಂತು, ಸಂಜೆ ಬರುವಾಗ ಬಂಗಾರಪೇಟೆಯಲ್ಲಿ ಇಳಿದು ಪಾನಿಪುರಿಗೆ ನಿಂತುಬಿಡಬೇಡ, ನಿಮ್ಮಪ್ಪ ಊರೆಲ್ಲ ಅಗೆಸಿಬಿಡುತ್ತಾನೆ ಎಂದು ತಮಾಷೆ ಮಾಡಿ ಕೈ ಬೀಸಿದ. ಲ್ಯಾಬಿನಲ್ಲಿ ಯಾರೂ ಏನೂ ಅನ್ನಲಿಲ್ಲ. ಸಂಜೆ ಅವಳು ಮಾರಿಕುಪ್ಪಂನಲ್ಲಿ ಇಳಿದು ಮನೆ ಕಡೆ ನಡೆದಾಗ ಇನ್ನೂ ಬೆಳಕಿತ್ತು. ಗಣಿಯ ತ್ಯಾಜ್ಯ ಸುರಿದ ಸೈನೈಡ್ ದಿಬ್ಬದ ಪಕ್ಕದ ದಾರಿಯಲ್ಲಿ ಜನ ಗುಂಪುಗೂಡಿದ್ದರು. ದಾರಿಯ ನಟ್ಟನಡುವೆ ಸೆಲ್ವರಾಜನ ಮೊಪೆಡ್ ಸ್ಟ್ಯಾಂಡ್ ಹಾಕಿಕೊಂಡು ನಿಂತಿತ್ತು. ಕೀ ಅದರಲ್ಲೇ ಇತ್ತು. ಸುತ್ತ ನೆಲ ಅಂಗೈಯಷ್ಟು ಸಪಾಟು, ಒಂದು ಕೂದಲೆಳೆ ಬಿರುಕಿಲ್ಲ. ಅವನ ಹೆಂಡತಿ ಕಂಡಕಂಡವರನ್ನೆಲ್ಲ ಹಿಡಿದು ಕೇಳುತ್ತಿದ್ದಳು. ಬೆಳಿಗ್ಗೆ ಹೋದವನು ಮನೆಗೆ ಬಂದಿರಲಿಲ್ಲ, ಯಾರ ಕಣ್ಣಿಗೂ ಬಿದ್ದಿರಲಿಲ್ಲ.

ಸುಮಲತ ಓಡುತ್ತಲೇ ಮನೆಗೆ ಬಂದಳು. ಹೆಂಡತಿ ಸತ್ತ ಮೇಲೆ ಒಂದು ದಿನವೂ ಒಲೆ ಮುಟ್ಟದಿದ್ದ ಅಪ್ಪ ಮುದ್ದೆ ತೊಳಸಿಟ್ಟು, ತಟ್ಟೆ ಹಾಕಿಕೊಂಡು ಕಾಯುತ್ತಿದ್ದ.

“ಸೆಲ್ವಮಾಮ ಬತ್ತೀನಿ ಅಂದಾಗ ನಿಂಗೆ ಏನು ಕೇಳಿಸ್ತು ನೈನಾ?”

ಕೋದಂಡಪ್ಪ ತಲೆ ಎತ್ತಲಿಲ್ಲ. ಮುದ್ದೆಗೆ ಸಾರು ಬಿಟ್ಟು ತಟ್ಟೆಯನ್ನು ಅವಳ ಕಡೆ ಸರಿಸಿದ.

“ನೀನು ಬಂದ್ಯಲ್ಲ. ಉಣ್ಣು.”